ಮಗ್ಗುಲು

ರೀಗಾದಲ್ಲಿ ಆ ಚಳಿಗಾಲ ಕೊಳವೆಯ ಬಿಸಿನೀರು ನಿಂತುಹೋಗಿತ್ತು.
ಸರ್ಕಾರ ಹೊಸದು, ಬಾಕಿ ಹಳೆಯದು.
ಔಸ್ಮಾ ಕ್ರೂಮಿನ್ಯಾ ಎರಡು ಕೋಟು ತೊಟ್ಟು
ತುದಿ ಕತ್ತರಿಸಿದ ಕೈಗವಸಿನಲ್ಲಿ
ಸೂಕ್ಷ್ಮದರ್ಶಕದ ತಿರುಪು ತಿರುವುತ್ತಿದ್ದಳು.
ನಾನು ಹರಳು ಉಜ್ಜುವವನು:
ವಜ್ರದ ಪುಡಿ, ಎಣ್ಣೆ, ಗಾಜಿನ ತಟ್ಟೆ, ಇಪ್ಪತ್ತೆರಡು ವರ್ಷ.
ಲೆಕ್ಕ ಅವಳದು, ನುಣುಪು ನನ್ನದು.

ಬೇರಿಯಂ ಟೈಟನೇಟ್. ಕಿರುಬೆರಳ ಉಗುರಿಗಿಂತ ಚಿಕ್ಕದು,
ತೆಳು ಚಹಾದ ಬಣ್ಣ.
ಒಳಗೆ ಎಣಿಸಲಾರದಷ್ಟು ಕೋಣೆ,
ಒಂದೊಂದರ ನಡುವೆ ಒಂದು ಟೈಟೇನಿಯಂ.
ನಡುವೆ ಎಂದರೆ ಸರಿಯಾಗಿ ನಡುವೆ ಅಲ್ಲ,
ಎಳ್ಳುಕಾಳನ್ನು ಮೂವತ್ತು ಕೋಟಿ ಪಾಲು ಮಾಡಿದರೆ
ಒಂದು ಪಾಲಿನಷ್ಟು ಮೇಲಕ್ಕೆ.
ಐದು ಡಿಗ್ರಿಗಿಳಿದರೆ ಅದೇ ಪರಮಾಣು
ಮೇಲನ್ನು ಬಿಟ್ಟು ಓರೆಗೆ ವಾಲುತ್ತದೆ,
ಅದು ವಾಲಿದರೆ ಪಕ್ಕದ್ದು, ಅದರ ಪಕ್ಕದ್ದು.
ಯಾರೂ ಮನೆ ಬಿಟ್ಟಿರುವುದಿಲ್ಲ;
ಗೋಡೆಗಳು ಮಾತ್ರ ಬೇರೆ ನಿಂತಿರುತ್ತವೆ.

ಅದನ್ನು ನೋಡಲು ಮೊದಲೆಲ್ಲ
ಮೂರು ಸಹಿಯ ಅರ್ಜಿ ಬೇಕಿತ್ತು, ದ್ರವ ಸಾರಜನಕದ ಪೀಪಾಯಿ.
ಆ ಗುರುವಾರ ಗೋಡೆಯ ಪಾದರಸ ತಾನಾಗಿ ಇಳಿಯಿತು:
ಆರು. ಐದು. ನಾಲ್ಕೂವರೆ.
‘ಬಾ,’ ಎಂದಳು. ‘ಉಸಿರು ಬಿಡಬೇಡ, ಗಾಜು ಮಂಜಾಗುತ್ತದೆ.’

ಮೂಲೆಯಲ್ಲೊಂದು ಗೆರೆ ಹುಟ್ಟಿ
ಅನುಮಾನಿಸಿತು, ನಿಂತಿತು,
ಆಮೇಲೆ ಒಮ್ಮೆಲೇ ನೀಲಿ, ಕಿತ್ತಳೆ, ಪಟ್ಟೆಪಟ್ಟೆ,
ನಿದ್ದೆಯಲ್ಲಿ ಕೂಸು ಹೊರಳಿದಂತೆ
ಹರಳು ಮಗ್ಗುಲು ಬದಲಿಸಿತು.
ಚಿಟ್ಟೆಂದು ಸದ್ದೂ ಬಂತು. ಕಿಟಕಿಯದಿರಬಹುದು.

ಇಲ್ಗ್ವಾರ್ಸ್, ಇನ್ನೂ ಹುಡುಗ, ಬಾಯಿ ಹಾಕಿದ:
‘ನಮ್ಮ ದೇಶದ ಹಾಗೆಯೇ ಅಲ್ಲವೇ?’
ಅವಳು ತಲೆಯೆತ್ತಲಿಲ್ಲ. ‘ದೇಶ ನನಗೆ ಗೊತ್ತಿಲ್ಲ.
ಉಷ್ಣತೆ ಬರೆದುಕೋ.’

ಸಂಜೆ ಸೀಮೆಎಣ್ಣೆ ಒಲೆ ಹತ್ತಿರ ತಂದೆವು.
ಐದಕ್ಕೆ ಮರಳಲಿಲ್ಲ ಅದು. ಏಳಕ್ಕೂ ಇಲ್ಲ.
ಒಂಬತ್ತಾದ ಮೇಲೆ, ಒಲ್ಲದ ಮನಸ್ಸಿನಿಂದ,
ಪಟ್ಟೆಗಳು ಒಂದೊಂದಾಗಿ ಅಳಿದವು.
‘ಹೋದ ದಾರಿಗೂ ಬಂದ ದಾರಿಗೂ ನಾಲ್ಕು ಡಿಗ್ರಿ ಅಂತರ,’
ಎನ್ನುತ್ತ ಅವಳು ಗೆರೆಪಟ್ಟಿ ಹುಡುಕುತ್ತಿದ್ದಳು.

ನನ್ನ ಕಣ್ಣು ಆ ಮೂಲೆಯಲ್ಲೇ.
ಗೆರೆ ಹುಟ್ಟಿದ ಜಾಗದಲ್ಲೊಂದು ಗೀರು.
ಸೋಮವಾರ ಬೆರಳು ಮರಗಟ್ಟಿ ಕೈ ಜಾರಿದ್ದು ನೆನಪಿತ್ತು,
ಹೇಳಿರಲಿಲ್ಲ.

‘ಗೊತ್ತು,’ ಎಂದಳು. ‘ಎಲ್ಲಿಂದಾದರೂ ಶುರುವಾಗಬೇಕಲ್ಲ.’

ಹಾಗಾದರೆ ಮುಂದಿನ ಹರಳಿಗೂ ಒಂದು ಗೀರು ಹಾಕಲೇ?
‘ಬೇಡ. ನಿನ್ನ ಕೈಲಾದಷ್ಟು ನುಣ್ಣಗೆ ಮಾಡು.
ಚಳಿ ಹುಡುಕಿಕೊಳ್ಳುತ್ತದೆ.’