ಒಳಜೇಬು

ಶಬನಂ ಹಾಲಿನ ಬಾಗಿಲಿಗೆ ನಾ ನಿಂತು ಎರಡು ವರ್ಷ ಆತು.
ಕಲಬುರಗಿ ರಿಂಗ್ ರೋಡಿನ ಮ್ಯಾಲೆ, ಹುಮನಾಬಾದ್ ನಾಕಾ ದಾಟಿದ್ರ
ಹಸಿರು ಕಮಾನು ಕಾಣತದ, ಅದೇ.
ಮದುವಿ, ಹುಟ್ಟಿದ ದಿನ, ಆರ್ಕೆಸ್ಟ್ರಾ ರಾತ್ರಿ.
ಕೈಯಾಗ ಒಂದು ಕರಿ ಬೆತ್ತ ಕೊಟ್ಟಾರ, ಲೋಹ ಕಂಡ್ರ ಕುಂಯ್ ಅಂತದ.
ಬೀಗದ ಗೊಂಚಲಿಗೂ ಕುಂಯ್, ಬೆಲ್ಟಿಗೂ ಕುಂಯ್,
ತಂಬಾಕಿನ ಡಬ್ಬಿಗೂ ಕುಂಯ್.
ನನಗ ಅದರ ಗರಜು ಇಲ್ಲ.

ಮೂವತ್ತೊಂದು ವರ್ಷ ಸೂಪರ್ ಮಾರ್ಕೆಟ್ ಗಲ್ಲಿಯಾಗ ಹೊಲದೀನಿ,
ಟೇಪು ಕೊರಳಾಗ, ಸುಣ್ಣದ ಕಡ್ಡಿ ಕಿವಿಮ್ಯಾಗ.
ಅಂಗಿ ಎಲ್ಲಿ ಜಗ್ಗತದ, ಯಾಕ ಜಗ್ಗತದ, ಕಣ್ಣು ಹೇಳತದ.
ಸೊಂಟದಾಗ ಇಟ್ಟವ ಕುರ್ಚಿಗೆ ಓರೆಯಾಗಿ ಕೂಡ್ತಾನ.
ಕಂಕುಳಾಗ ಇಟ್ಟವ ಬೀಗರನ್ನ ಅರ್ಧ ಅಪ್ಪತಾನ,
ಎದಿಗೆ ಎದಿ ಹತ್ತೂದ್ರಾಗ ಬೆನ್ನು ತಟ್ಟಿದಂಗ ಮಾಡಿ
ಹಿಂದ ಸರೀತಾನ.

ಬೋರ್ಡು ಬರೆದವ ಪೇಂಟರ್ ರುಕ್ಮೋದ್ದೀನ್.
"ಆಯುಧ ಒಳಗೆ ತರಬಾರದು" ಅಂತ ಬರೆದು ಬ್ರಶ್ ತೊಳಕೊಂಡು ಹೋದ.
ಮರುದಿನವೇ ಒಬ್ಬ ಕಾಗದ ತೋರಿಸಿದ,
ಮೊಹರು ಇತ್ತು, ಫೋಟೋ ಇತ್ತು.
ಮಾಲಕರು ಮತ್ತ ಕರೆಸಿದರು. ಬೋರ್ಡಿನಾಗ ಜಾಗ ಉಳಿದಿರಲಿಲ್ಲ.
"ಲೈಸೆನ್ಸ್ ಇದ್ದರೂ" ಅಂತ ಕೆಳಗ ಇರುವಿ ಸಾಲಿನಂಗ ತುರುಕಿದ.
ಈಗ ತಂಟೆ ಎಲ್ಲಾ ಆ ಸಣ್ಣ ಸಾಲಿನ ಮುಂದನ:
"ಸರಕಾರ ಬ್ಯಾಡ ಅಂದಿಲ್ಲ, ನೀ ಯಾರಪಾ?"
"ಸರಕಾರದ ಮಾತು ಸರಕಾರದ್ದು ಸಾಹೇಬ್ರ,
ಹೊಸ್ತಿಲು ಮಾಲಕರದ್ದು."
ಹಿಂಗ ಹೇಳಲಿಕ್ಕೆ ಕಲಿಸ್ಯಾರ.
ಮಾಲಕರ ಅಳಿಯ ಬಂದ್ರ ಬೆತ್ತ ಇಳಸಲಿಕ್ಕೂ ಕಲಿಸ್ಯಾರ.

ಹೋದ ಶುಕ್ರವಾರ ಜೇವರ್ಗಿ ಕಡಿಯವರ ಮದುವಿ.
ಚನ್ನಮಲ್ಲಪ್ಪ ಸಾಹುಕಾರ ಬಂದ, ಬೂದು ಜಾಕೀಟು.
ಬೆತ್ತ ಕುಂಯ್ ಅನ್ನೂಕ್ಕಿಂತ ಮೊದಲೇ ಬೆರಳಿಗೆ ಗೊತ್ತಾತು.
ಎಡಕ್ಕ, ಅಸ್ತರಿನ ಒಳಗ,
ಡ್ರಿಲ್ ಬಟ್ಟಿ ಎರಡು ಪದರು, ಬಾಯಿಗೆ ಓರೆ ಪಟ್ಟಿ,
ಮೂಲಿಗೆ ಮೂರು ಸಲ ತಿರುಗಿಸಿದ ಹೊಲಿಗಿ.
ನನ್ನದೇ ಕೈ.

ಹನ್ನೊಂದು ವರ್ಷದ ಹಿಂದ ಅಳತಿ ಕೊಡೂವಾಗ ಅಂದಿದ್ದ:
"ಒಳಗ ಒಂದು ಜೇಬು ಬೇಕು, ಭಾರ ತಡೀಬೇಕು."
ಏನು ಭಾರ ಅಂತ ನಾ ಕೇಳಲಿಲ್ಲ.
ಉದ್ದ ಕೇಳಿದೆ, ಅಗಲ ಕೇಳಿದೆ,
ಬಾಯಿ ನೇರ ಇರಲೋ ಓರೆ ಇರಲೋ, ಕೇಳಿದೆ.
ಐವತ್ತು ರೂಪಾಯಿ ಹೆಚ್ಚಿಗೆ ತಗೊಂಡೆ.

"ಪಂಢರಿ," ಅಂದ, "ನೀ ಹೊಲಿದದ್ದು ನೀನ ತಡೀತಿ?"
ಹಿಂದ ಸಾಲು ಬೆಳೆದಿತ್ತು.
ಪನ್ನೀರು ಹಿಡಿದ ಹುಡುಗಿ ಕೈ ಎತ್ತಿ ಹಂಗೇ ನಿಂತಿದ್ದಳು.
ನಾ ಮಾತಾಡಲಿಲ್ಲ. ಹಿತ್ತಾಳಿ ಟೋಕನ್ ಚಾಚಿದೆ, ಏಳನೇ ನಂಬರು.
ತಗದು ಕೊಟ್ಟ.
ನನ್ನ ಇಸ್ತ್ರಿ ಪೆಟ್ಟಿಗಿಗಿಂತ ಎಷ್ಟೋ ಹಗುರ.
ಮೈಯ ಕಾವಿಗೆ ಬೆಚ್ಚಗಿತ್ತು, ಈಗಷ್ಟೇ ಇಟ್ಟ ತತ್ತಿಯಂಗ.
ಟಿನ್ನಿನ ಕಪಾಟಿನಾಗ, ಯಾರೋ ಮರೆತ ಛತ್ರಿ ಬಾಜೂಕ ಇಟ್ಟೆ.

ಬಾಗಿಲ ಸಂದಿನಾಗಿಂದ ನೋಡಿದೆ.
ಹೆಣ್ಣಿನ ತಂದಿ ಓಡಿ ಬಂದು ಅಪ್ಪಿದ.
ಸಾಹುಕಾರ ಅರ್ಧಕ್ಕ ಹಿಂದ ಸರಿದ.
ಜೇಬು ಖಾಲಿ.
ಆದ್ರೂ ಸರಿದ.

ರಾತ್ರಿ ಒಂದೂವರಿಗೆ ಟೋಕನ್ ತಂದ. ಕೊಟ್ಟೆ.
ಬೋರ್ಡಿನ ಮಾತು ಹೊಸ್ತಿಲಿಗೆ ಮುಗೀತದ,
ಆಚಿ ಕಡಿ ಕತ್ತಲ್ಯಾಗ ಅದನ್ನ ಓದೂರು ಯಾರು.
ಕಾರಿನ ಬೆಳಕಿಗೆ ಜಾಕೀಟು ಬಿಚ್ಚಿ ಅಸ್ತರು ತೋರಿಸಿದ:
"ಮೂಲಿ ಬಿಟ್ಟದ ನೋಡು. ಒಂದು ಹೊಲಿಗಿ ಹಾಕಿಕೊಡು."
"ಮಷಿನ್ ಮಾರೀನ್ರಿ," ಅಂದೆ.

ಮಾರಿಲ್ಲ.
ಮಂಚದ ಬಾಜೂಕ ಹಳಿ ಕೌದಿ ಹೊಚ್ಚಿ ಇಟ್ಟೀನಿ.
ತಿಂಗಳಿಗೊಮ್ಮೆ ಕೌದಿ ಸರಿಸಿ ಎಣ್ಣಿ ಬಿಡ್ತೀನಿ,
ಗಾಲಿ ಒಂದು ಸುತ್ತು ತಿರುಗಿಸಿ, ಸಪ್ಪಳ ಕೇಳಿ,
ಮತ್ತ ಮುಚ್ಚತೀನಿ.
ಯಾಕ ಅಂತ ಮನ್ಯಾಗ ಯಾರೂ ಕೇಳಿಲ್ಲ.