ತೂತಾದ ಗೂಡು

ಶಿಡ್ಲಘಟ್ಟದ ಹೈಸ್ಕೂಲಿನ ಮೂರನೇ ಕಂಪ್ಯೂಟರಿನಲ್ಲಿ ಮಾತ್ರ
ಇನ್ನೂ ಬದುಕಿತ್ತು ರೇಷ್ಮೆಹುಳು,
ಹಳೇ ಫ್ಲ್ಯಾಶ್ ಪ್ಲೇಯರಿನ ಪಾಠ.
ಒತ್ತಿದರೆ ಮೊಟ್ಟೆ. ಒತ್ತಿದರೆ ನಾಲ್ಕನೇ ಜ್ವರ.
ಸೊಪ್ಪು ಕಡಿಯುವ ಸದ್ದೂ ಉಂಟು.

ತೆಗೆದುಹಾಕಿ, ಅಪಾಯ ಎಂದು ಹಳದಿ ಪಟ್ಟಿ ದಿನಾ ಬೇಡುತ್ತಿತ್ತು;
ನಾನು ದಿನಾ ‘ಆಮೇಲೆ’ ಒತ್ತುತ್ತಿದ್ದೆ.
ಮೊನ್ನೆ ಬೆಳಿಗ್ಗೆ ಅಂಕಪಟ್ಟಿ, ಬಿಸಿಯೂಟದ ಲೆಕ್ಕ, ಎಲ್ಲ
ಓದಲಾಗದ ಲಿಪಿ. ಕೆಳಗೊಂದು ಮೊತ್ತ, ಡಾಲರಿನಲ್ಲಿ.

ರೀಲರ್ ಬಾಬಾಜಾನರ ಮಗಳು ಜಬೀನಾ ಇಣುಕಿದಳು:
“ಚಿಟ್ಟೆ ಕೊರೆದ ಗೂಡು ಮಿಸ್ ಇದು.
ಬಾಣಲೆಗೆ ಹಾಕಿದರೆ ನೀರು ಕುಡಿಯುತ್ತೆ, ಎಳೆ ಬರಲ್ಲ.”
“ಬಿಸಾಕಬೇಕಾ?”
“ಅಯ್ಯೋ, ಅಮ್ಮಿ ಹಾರ ಮಾಡ್ತಾರೆ.”

ಎಲ್ಲ ಅಳಿಸಿ, ಸಿ.ಡಿ.ಯಿಂದ ಪಾಠವನ್ನಷ್ಟೇ ಮತ್ತೆ ಹಾಕಿ,
ನೆಟ್ಟಿನ ತಂತಿ ಕಿತ್ತು ಸುತ್ತಿಟ್ಟೆ.
ಈಗ ಹುಳು ಊರಿನ ಹಂಗಿಲ್ಲದೆ ಮೆಲ್ಲುತ್ತದೆ.
ಮೌಸು ಜಬೀನಾಳ ಕೈಲಿ:
ಚಿಟ್ಟೆಯಾಗುವ ಮೊದಲೇ ನಿಲ್ಲಿಸಿಬಿಡುತ್ತಾಳೆ.