ರುಬ್ಬುಗುಂಡಿಗೆ ಕೆಲಸ

ಗೋಕುಲಂ ಮೂರನೇ ಹಂತದ ನಮ್ಮ ಮಹಡಿ ಮನೆ
ಖಾಲಿಯಾಗಿ ಇಂದಿಗೆ ಒಂಬತ್ತು ದಿನ.
ಸಚಿಕೊ ಬಿಟ್ಟುಹೋದದ್ದು
ಒಂದು ಯೋಗದ ಚಾಪೆ, ಬಟ್ಟೆ ಕ್ಲಿಪ್ಪು ನಾಲ್ಕು,
ತಳದಲ್ಲಿ ಎರಡು ಬೆರಳು ಉಳಿದ ಸೋಯಾ ಸೀಸೆ.
ಬಾಡಿಗೆ ಒಂದು ಪೈಸೆ ಬಾಕಿಯಿಲ್ಲ.

ಅತ್ತೆಯ ನಾಲಿಗೆಗೆ ಆ ಹೆಸರು ಹತ್ತಲೇ ಇಲ್ಲ.
ಶಚೀದೇವಿ ಎಂದೇ ಕರೆದರು ಏಳು ತಿಂಗಳೂ.
ಅವಳು ಓಗೊಟ್ಟಳು,
ಇಂದ್ರ ಯಾರೆಂದು ಒಮ್ಮೆಯೂ ಕೇಳದೆ.

ಇವತ್ತು ಟೋಫು ತಂದೆ.
ಹಿಂಡಬೇಡಿ ಆಂಟಿ, ಭಾರ ಇಟ್ಟು ಕಾಯಿರಿ
ಎಂದಿದ್ದಳು, ಅರ್ಧ ಇಂಗ್ಲಿಷಿನಲ್ಲಿ, ಅರ್ಧ ಕೈಯಲ್ಲಿ.
ಭಾರಕ್ಕೇನು ಬರ?
ಮಿಕ್ಸಿ ಬಂದಂದಿನಿಂದ
ಹಿತ್ತಲ ಬಾಗಿಲು ಬಡಿಯದಂತೆ ತಡೆದು ಕೂತಿದ್ದ ರುಬ್ಬುಗುಂಡನ್ನು
ತೊಳೆದು, ತಟ್ಟೆಯ ಮೇಲೆ ಕೂರಿಸಿದೆ.
ಅರ್ಧ ಗಂಟೆಗೆ ಕಾಲು ಲೋಟ ನೀರು.

ನೂಡಲ್ಸ್ ಬೇಯಿಸಿ ತಣ್ಣೀರಲ್ಲಿ ಜಾಲಿಸಿಟ್ಟು
ಬಾಣಲೆಗೆ ಒಳ್ಳೆಣ್ಣೆ ಬಿಟ್ಟೆ.
ಇದೇ ಸಾಕು, ಇದೇ ಎಂದು
ಅವಳೊಮ್ಮೆ ಡಬ್ಬ ಮೂಸಿ ಕಣ್ಣು ಮುಚ್ಚಿ ನಿಂತಿದ್ದಳು
ಊರಿಗೆ ಹೋಗಿ ಬಂದವಳ ಹಾಗೆ.

ಎಣ್ಣೆ ಕಾದದ್ದೇ
ಕೈ ಸಾಸಿವೆ ಡಬ್ಬಿಗೆ ಹೋಯಿತು.
ನಲವತ್ತು ವರ್ಷ ಪಳಗಿದ ಕೈ, ಅದರ ತಪ್ಪೇನು,
ಬೆಲೆ ಕೇಳದೆ ಹಿಂದಕ್ಕೆಳೆದುಕೊಂಡೆ.
ಶುಂಠಿ ಬಿತ್ತು. ಬೆಳ್ಳುಳ್ಳಿ. ಎಲೆಕೋಸು.
ಚಟಪಟ ಇಲ್ಲ.
ನಡುಮನೆಯಿಂದ ಇವರು:
ಗ್ಯಾಸ್ ಮುಗೀತೇನೇ? ಒಗ್ಗರಣೆ ಸದ್ದೇ ಇಲ್ಲ.

ಟೋಫು ತಳ ಹಿಡಿಯಿತು.
ಕೆದಕಬೇಡಿ, ಅದಾಗಿಯೇ ಬಿಡುತ್ತೆ, ಇದೂ ಅವಳ ಮಾತು.
ಬಿಟ್ಟಿತು,
ಒಂದು ಮೂಲೆಯನ್ನು ಬಾಣಲೆಗೇ ಕೊಟ್ಟು.
ಸೋಯಾ ಸುರಿದೆ. ಮಂಡ್ಯದ ಅಚ್ಚುಬೆಲ್ಲ ಒಂದು ಚೂರು.
ಸೀಸೆಗೆ ಎರಡು ಚಮಚ ನೀರು ಹಾಕಿ ಕುಲುಕಿ
ಅದನ್ನೂ ಸುರಿದೆ.
ನೂಡಲ್ಸ್ ಹಾಕಿ, ಉರಿ ಏರಿಸಿ, ಎರಡು ಸಲ ಮಗುಚಿದೆ.
ಅಷ್ಟೇ ಅಡುಗೆ.
ಬೇಯಿಸಿದ್ದಕ್ಕಿಂತ ಕಾದದ್ದೇ ಹೆಚ್ಚು.

ಇವರು ನಾಲ್ಕು ತುತ್ತು ಸುತ್ತಿ ಸುತ್ತಿ ತಿಂದರು.
ಮೊಸರನ್ನ ಇದೆ ತಾನೆ? ಎಂದರು.

ಅತ್ತೆಗೆ ಟೋಫು ಮಾತ್ರ ಆರಿಸಿ ಬಡಿಸಿದ್ದೆ.
ಹಲ್ಲಿಲ್ಲದ ಬಾಯಿ ನಿಧಾನ ಆಡಿತು, ನಿಂತಿತು,
ಮತ್ತೆ ಆಡಿತು.
ಗಿಣ್ಣು! ಯಾರ ಮನೆ ಹಸು ಈಯ್ತೇ?
ಬೆಲ್ಲಕ್ಕೆ ಉಪ್ಪು ಹಾಕಿಬಿಟ್ಟಿದ್ದೀಯಲ್ಲ.

ಮಹಡಿ ಮೇಲಿನವರದು, ಎಂದುಬಿಟ್ಟೆ.

ಅತ್ತೆ ಒಂದು ಗಳಿಗೆ ಸೂರು ನೋಡಿದರು.
ಬಟ್ಟಲು ಇತ್ತ ಸರಿಸಿ,
ಇನ್ನೆರಡು ಹಾಕು, ಎಂದರು.
ಕರು ಹೆಣ್ಣೋ ಗಂಡೋ?